ಬಲಗಡೆಯ ಪ್ರೊಜೆಕ್ಟರ್

ಚಿತ್ರಭಂಡಾರದಿಂದ ಬಂದ ಹೆಂಗಸು ಊಟದ ಮೇಜಿನ ಮೇಲೆ ಒಂದು ಚೀಟಿ ಇಟ್ಟಳು. ಹಳೆಯ ಸಿನಿಮಾಗಳನ್ನು ತಂಪಾದ ಕೋಣೆಗಳಲ್ಲಿ ಕಾಪಾಡಿ ಇಡುವ ಕಚೇರಿ ಅದು. ಅಲ್ಲಿ ಪ್ರತಿ ಡಬ್ಬಿಗೂ ಒಂದೊಂದು ಚೀಟಿ. ಇದರಲ್ಲಿ ಪೆನ್ಸಿಲಿನಿಂದ ನಾಲ್ಕು ಸಾಲು ಬರೆದಿತ್ತು. ಎರಡು ಸುರುಳಿ. ಧ್ವನಿ ಇಲ್ಲ. ಬಲ ಸುರುಳಿಯ ಕೊನೆಯ ನಾಲ್ಕು ನಿಮಿಷ ಬರೀ ಬಿಳಿ, ಹಾಳಾಗಿರಬಹುದು. ಅಪೂರ್ಣ.

"ಪೆನ್ಸಿಲಲ್ಲೇ ಬರೆದಿದೀನಿ ಮೇಡಂ. ಅಳಿಸಬಹುದು," ಎಂದಳು.

"ಅಪೂರ್ಣ ಅಂದ್ರೆ ಏನಮ್ಮ?" ಕಿಟಕಿ ಪಕ್ಕದ ಕುರ್ಚಿಯಿಂದ ಅತ್ತೆ ಕೇಳಿದರು. ಅವರ ಮಡಿಲಲ್ಲಿ ಗುಂಡಿ ಕಿತ್ತುಹೋದ ಅಂಗಿಯೊಂದಿತ್ತು.

"ಮುಗಿದಿಲ್ಲ ಅಂತ," ಎಂದಳು ಭಂಡಾರದವಳು.

"ಮೂರು ವರ್ಷ ಅದರಲ್ಲೇ ಮುಳುಗಿದ್ದ ನನ್ನ ಮಗ. ಅವನೇ ಮುಗಿದುಹೋದ. ಅದು ಮಾತ್ರ ಮುಗಿದಿಲ್ವಂತೆ." ಅತ್ತೆ ಹಲ್ಲಿನಿಂದ ದಾರ ಕಡಿದರು.

ಸೊಸೆ ಚೀಟಿಯನ್ನು ತನ್ನತ್ತ ತಿರುಗಿಸಿಕೊಂಡಳು. ಗಂಡ ಹೋಗಿ ಹನ್ನೊಂದು ತಿಂಗಳಾಗಿತ್ತು. ಐದು ದಿನದ ಜ್ವರ. ಆರನೆಯ ದಿನ ಆಸ್ಪತ್ರೆಯವರು ಅವನ ವಾಚನ್ನೂ ಕನ್ನಡಕವನ್ನೂ ಲಕೋಟೆಯಲ್ಲಿ ಹಾಕಿ ಅವಳ ಕೈಗೆ ಕೊಟ್ಟರು. ಅಂದಿನಿಂದ ಅವಳು ಶಾಲೆಗೆ ಹೋಗಿ ಗಣಿತ ಹೇಳಿಕೊಟ್ಟು ಬರುತ್ತಿದ್ದಳು, ಅಡುಗೆ ಮಾಡುತ್ತಿದ್ದಳು, ಬಟ್ಟೆ ಮಡಿಸುತ್ತಿದ್ದಳು. ಯಾರು ಏನು ಕೇಳಿದರೂ "ನೋಡ್ತೀನಿ" ಎನ್ನುತ್ತಿದ್ದಳು. ಆಮೇಲೆ ನೋಡುತ್ತಿರಲಿಲ್ಲ.

ಭಂಡಾರದವಳು ಕುರ್ಚಿ ಮುಂದಕ್ಕೆ ಎಳೆದುಕೊಂಡಳು. "ಅವರ ಹಳೆಯ ಸಿನಿಮಾಗಳನ್ನ ನಾನು ನೋಡಿದೀನಿ. ಎರಡೂ ಪ್ರೊಜೆಕ್ಟರ್ ಹೊತ್ತುಕೊಂಡು ಬಂದು ಅವರೇ ಓಡಿಸ್ತಿದ್ರು. ಅರ್ಧ ಸಿನಿಮಾ ರೀಲಲ್ಲಿ, ಅರ್ಧ ಅವರ ಕೈಯಲ್ಲಿ. ಈಗ ಸುರುಳಿ ಮಾತ್ರ ಇಟ್ಟುಕೊಂಡ್ರೆ, ಹಾಡೋರಿಲ್ಲದೆ ಹಾಡಿನ ಪುಸ್ತಕ ಇಟ್ಟುಕೊಂಡ ಹಾಗೆ. ನೀವೇ ಅಲ್ವಾ ಪಕ್ಕದಲ್ಲಿ ನಿಂತು ಎರಡನೇದನ್ನ ಓಡಿಸ್ತಿದ್ದಿದ್ದು?"

"ಹೌದು. ಎಡಗಡೇದು."

"ಹಾಗಾದ್ರೆ ಒಂದೇ ಒಂದು ಸಲ ಓಡಿಸಿ ತೋರಿಸಿ. ಮುಂದಿನ ತಿಂಗಳು ಮೊದಲನೇ ಶನಿವಾರ ಮಧ್ಯಾಹ್ನ ನಮ್ಮ ಚಿಕ್ಕ ಹಾಲ್ ಖಾಲಿ ಇದೆ. ನಾವು ಅದನ್ನ ಕ್ಯಾಮೆರಾದಲ್ಲಿ ಹಿಡಿದಿಟ್ಕೋತೀವಿ. ಅಲ್ಲೀವರೆಗೆ ಡಬ್ಬಿಗಳು ನಿಮ್ಮ ಹತ್ತಿರಾನೇ ಇರಲಿ. ಈ ಚೀಟಿ ಅಳಿಸಿ ಬೇರೆ ಬರೀತೀನಿ. ಇಲ್ಲ ಅಂದ್ರೆ..." ಎಂದು ಮೇಜಿನ ಮೇಲಿನ ಚೀಟಿಯತ್ತ ನೋಡಿದಳು. "ಇದೇ ಉಳಿಯುತ್ತೆ. ನೂರು ವರ್ಷ ಆದಮೇಲೂ ಯಾರಾದ್ರೂ ಡಬ್ಬಿ ತೆಗೆದ್ರೆ ಇದನ್ನೇ ಓದ್ತಾರೆ."

"ನೋಡ್ತೀನಿ," ಎಂದಳು ಸೊಸೆ.

ಆದರೆ ಚೀಟಿಯಲ್ಲಿದ್ದ 'ಅಪೂರ್ಣ' ಎಂಬ ಪದ ಅವಳನ್ನು ಚುಚ್ಚಿತ್ತು. ಮಕ್ಕಳ ಉತ್ತರಪತ್ರಿಕೆಗಳ ಮೇಲೆ ಕೆಂಪು ಶಾಯಿಯಲ್ಲಿ ಅವಳೇ ದಿನಾ ಬರೆಯುತ್ತಿದ್ದ ಪದ. ಅವನ ಹೆಸರಿನ ಪಕ್ಕದಲ್ಲಿ ಅದು ಇರಬಾರದು. ಹನ್ನೊಂದು ತಿಂಗಳಲ್ಲಿ ಅವಳಿಗೆ ಏನಾದರೂ ಬೇಕು ಅನ್ನಿಸಿದ್ದು ಇದೊಂದೇ.

*

ಅವನ ಸಿನಿಮಾದಲ್ಲಿ ಕಥೆ ಇರುತ್ತಿರಲಿಲ್ಲ, ಮನುಷ್ಯರಿರುತ್ತಿರಲಿಲ್ಲ. ಅವನದು ಎರಡೇ ನಿಯಮ. ಒಂದು, ತಾನು ಮಲಗಿ ಏಳುವ ಮನೆಯಾಚೆಗೆ ಕ್ಯಾಮೆರಾ ಒಯ್ಯಕೂಡದು. ಎರಡು, ಒಂದು ವರ್ಷ ಬರಿಗಣ್ಣಿನಲ್ಲಿ ನೋಡದೆ ಯಾವುದನ್ನೂ ಚಿತ್ರಿಸಕೂಡದು. ಅವರ ಮನೆ ಮೊದಲನೆಯ ಮಹಡಿಯಲ್ಲಿ. ಕೆಳಗೆ ಬೀಗ ರಿಪೇರಿ ಅಂಗಡಿ. ಒಂದು ವರ್ಷ ಅವನು ಹಜಾರದ ಗೋಡೆಯ ಮೇಲೆ ಬಿಸಿಲು ಸರಿಯುವುದನ್ನು ಸುಮ್ಮನೆ ನೋಡಿದ. ಮುಂದಿನ ವರ್ಷ ದಿನಕ್ಕೆ ನಾಲ್ಕು ಸೆಕೆಂಡಿನಂತೆ ಅದನ್ನು ಹಿಡಿದ. ಅದು ಬಲ ಸುರುಳಿ. ಎಡದ್ದು ಮನೆಯ ಹೊರಗಿನ ಮೆಟ್ಟಿಲುಗಳು, ಒಂದೊಂದಾಗಿ ಕೆಳಗಿನಿಂದ ಮೇಲಕ್ಕೆ. "ಮೆಟ್ಟಿಲು ಮನೆಯಾಚೆ ಅಲ್ವೇನೋ?" ಎಂದು ತಾಯಿ ಕೆಣಕಿದ್ದರು. "ಗುಡಿಸೋದು ನಾವೇ ತಾನೇ ಅಮ್ಮಾ," ಎಂದಿದ್ದ.

ಎರಡನ್ನೂ ಒಂದೇ ಪರದೆಯ ಮೇಲೆ ಒಂದರ ಮೇಲೊಂದು ಬೀಳಿಸಿದರೆ ಬಿಸಿಲು ಮೆಟ್ಟಿಲು ಹತ್ತುತ್ತಿತ್ತಂತೆ.

ಅಂತೆ, ಯಾಕೆಂದರೆ ಅವಳು ಅದನ್ನು ನೋಡಿರಲಿಲ್ಲ. ಎಡಗಡೆಯ ಪ್ರೊಜೆಕ್ಟರ್ ಮುದಿಯಾಗಿತ್ತು. ಯಂತ್ರದೊಳಗೆ ಫಿಲ್ಮು ಸಡಿಲವಾಗಿ ಬಾಗುವ ಕುಣಿಕೆ ಆಗಾಗ ಜಾರುತ್ತಿತ್ತು. ಜಾರಿದ ಕ್ಷಣದಲ್ಲೇ ಬೆರಳಿನಿಂದ ಒತ್ತದಿದ್ದರೆ ಫಿಲ್ಮು ಹರಿಯುತ್ತಿತ್ತು. ಆದ್ದರಿಂದ ಅವಳು ಇಪ್ಪತ್ತೆರಡು ನಿಮಿಷವೂ ಕಣ್ಣು ಮಿಟುಕಿಸದೆ ಆ ಕುಣಿಕೆಯನ್ನೇ ನೋಡುತ್ತ ಅವನ ಕಾಲಿನ ಸನ್ನೆಗೆ ಎಣಿಸುತ್ತ ನಿಂತಿರುತ್ತಿದ್ದಳು. ಪಕ್ಕದಲ್ಲಿ ಅವನು ಬಲಗಡೆಯ ಪ್ರೊಜೆಕ್ಟರಿನ ಕಣ್ಣಿನ ಮುಂದೆ ಕೈ ಆಡಿಸುತ್ತಿದ್ದ, ನೀರಿನ ಲೋಟ ಹಿಡಿಯುತ್ತಿದ್ದ, ಬಾಚಣಿಗೆ ಹಿಡಿಯುತ್ತಿದ್ದ, ವೇಗ ಇಳಿಸುತ್ತಿದ್ದ. ಯಾವಾಗ ಏನು ಎಂಬುದು ಅವನಿಗೊಬ್ಬನಿಗೇ ಗೊತ್ತು. ಎಲ್ಲಾದರೂ ಬರೆದಿಡು ಎಂದು ಅವಳು ಹೇಳಿದಾಗ ಮೂಗು ಮುರಿದಿದ್ದ. "ಬರೆದಿಟ್ರೆ ಅದು ಅಡುಗೆ ಪುಸ್ತಕ ಕಣೇ. ಸಿನಿಮಾ ಅಲ್ಲ."

ಈ ಕೊನೆಯ ಸಿನಿಮಾವನ್ನು ಹೊರಗೆಲ್ಲೂ ತೋರಿಸಿರಲಿಲ್ಲ. ಮನೆಯಲ್ಲೇ ಎಂಟು ಸಲ, ಮಧ್ಯಾಹ್ನದ ಊಟವಾದ ಮೇಲೆ, ಕಿಟಕಿಗೆ ಕಂಬಳಿ ಕಟ್ಟಿ. ಪ್ರೇಕ್ಷಕರು ಒಬ್ಬರೇ, ಅತ್ತೆ. ಬೀಗದವನು ಒಮ್ಮೆ ಮೆಟ್ಟಿಲಲ್ಲಿ ತಡೆದು ಕೇಳಿದ್ದ: "ಹೀರೋಯಿನ್ ಯಾರು ಸಾರ್?"

"ಬಿಸಿಲು."

"ಹೊಡೆದಾಟ ಇದೆಯಾ?"

"ಮೋಡ ಬಂದಾಗ ಸ್ವಲ್ಪ."

ಅತ್ತೆಯ ದೂರೇ ಬೇರೆ. "ಗೋಡೆ ಕಂಡಿತು ನಿನಗೆ. ಹೆತ್ತ ತಾಯಿ ಮುಖ ಕಾಣಲಿಲ್ಲ. ನನ್ನದೊಂದು ತೆಗೆಯೋ ಅಂದ್ರೆ ಕಿವಿಗೇ ಹಾಕ್ಕೊಳಲ್ಲ."

"ನಿನ್ನನ್ನ ಇನ್ನೂ ನೋಡ್ತಾ ಇದೀನಿ ಅಮ್ಮ. ವರ್ಷ ತುಂಬಲಿ," ಎನ್ನುತ್ತಿದ್ದ.

"ನಲವತ್ತು ವರ್ಷದಿಂದ ನೋಡ್ತಿದೀಯಲ್ಲೋ!"

*

ಆ ವಾರದ ಶನಿವಾರವೇ ಅವಳು ಕಂಬಳಿ ಕಟ್ಟಿದಳು, ಗೋಡೆಗೆ ಹಾಸಿಗೆಯ ಬಿಳಿ ಹೊದಿಕೆ ತೂಗುಹಾಕಿದಳು, ಎರಡೂ ಪ್ರೊಜೆಕ್ಟರುಗಳ ಮೇಲಿನ ಧೂಳು ಒರೆಸಿದಳು. ಅತ್ತೆ ಕುರ್ಚಿ ಬಿಟ್ಟು ಏಳಲಿಲ್ಲ.

"ನಾನೇನೂ ನೋಡಲ್ಲ. ನನಗೆ ಗುಂಡಿ ಹಾಕೋ ಕೆಲಸ ಇದೆ."

"ಕತ್ತಲಲ್ಲಿ ಹೇಗೆ ಹಾಕ್ತೀರಿ ಅತ್ತೆ?"

"ಅದು ನನ್ನ ಹಣೆಬರಹ."

ಎರಡೂ ಯಂತ್ರಗಳು ಕಟಕಟ ಸದ್ದು ಮಾಡುತ್ತ ಓಡಿದವು. ಅವಳು ಎಡದ ಕುಣಿಕೆಯ ಮೇಲೆ ಒಂದು ಕಣ್ಣಿಟ್ಟು, ಬಲದ ಪ್ರೊಜೆಕ್ಟರಿನ ಬೆಳಕಿಗೆ ಕೈ ಅಡ್ಡ ಹಿಡಿದಳು. ಯಾವ ಕೈ, ಎಷ್ಟು ಹೊತ್ತು, ಏನೂ ತೋಚಲಿಲ್ಲ. ಮೂರನೆಯ ನಿಮಿಷಕ್ಕೆ ತೋಳು ಸೋತಿತು. ಕೈ ಚೆಲ್ಲಿ ನಿಂತಳು.

"ಅಷ್ಟು ಬೇಗ ಇಲ್ಲ," ಎಂದಿತು ಕತ್ತಲಿನಿಂದ ಅತ್ತೆಯ ದನಿ.

"ಏನು?"

"ಕೈ. ಮೊದಲನೇ ಸಲ ಬಿಸಿಲು ಗಡಿಯಾರದ ಮೊಳೆ ಹತ್ತಿರ ಬರಬೇಕು. ಆಗ ಬೆರಳು ಬಿಡಿಸ್ತಿದ್ದ. ಮುಷ್ಟಿ ಕಟ್ಟಿಕೊಂಡಿದೀಯಲ್ಲ, ಗುದ್ದೋಕೆ ಹೊರಟೋರ ಹಾಗೆ."

"ಎಡಗೈನಾ, ಬಲಗೈನಾ?"

"ಎಡ. ಉಂಗುರದ ಬೆರಳು ಸೊಟ್ಟ ಇತ್ತಲ್ಲ ಅವನದು, ಪರದೆ ಮೇಲೆ ಅದೂ ಕಾಣ್ತಿತ್ತು."

ಅವಳು ಅತ್ತೆಯ ಕಡೆ ತಿರುಗಿದಳು. ಅಷ್ಟರಲ್ಲಿ ಎಡಗಡೆಯ ಕುಣಿಕೆ ಜಾರಿ ಫಿಲ್ಮು ಪಟಪಟ ಅಂದಿತು. ಧಾವಿಸಿ ಬಂದು ಒತ್ತಿ ಹಿಡಿದಳು.

"ಒಬ್ಬಳ ಕೈಲಿ ಆಗಲ್ಲ ಅದು," ಎಂದರು ಅತ್ತೆ. "ಕೆಳಗಿನವನನ್ನ ಕರಿ. ಬೀಗ ಬಿಚ್ಚೋ ಕೈ, ಸೂಕ್ಷ್ಮ ಇರುತ್ತೆ."

ಹೀಗೆ ಬೀಗದವನು ಎಡಗಡೆಯ ಪ್ರೊಜೆಕ್ಟರಿಗೆ ಬಂದು ನಿಂತ. ಎರಡು ಸಲಕ್ಕೆ ಕುಣಿಕೆಯ ಗುಟ್ಟು ಹಿಡಿದ. "ಇದೇನು ಅಕ್ಕ, ಹಳೇ ಬೀಗ ಇದ್ದ ಹಾಗೇ. ಬೈದ್ರೆ ಕೇಳಲ್ಲ, ಸವರಿದ್ರೆ ಕೇಳುತ್ತೆ." ಅವಳು ಬಲಗಡೆಗೆ ಸರಿದಳು. ಅವನ ಜಾಗ. ನೆಲದ ಮೇಲೆ ಅಲ್ಲೊಂದು ಟೈಲ್ಸು ಸಡಿಲವಾಗಿತ್ತು. ಅವನು ಕಾಲು ತಟ್ಟಿ ತಟ್ಟಿ ಆದದ್ದು.

ನಾಲ್ಕು ವಾರ ಶನಿವಾರ, ಭಾನುವಾರ ಇದೇ ಕೆಲಸ. ಅತ್ತೆ ಕುರ್ಚಿಯಿಂದ ಹೇಳುತ್ತಿದ್ದರು, ಅವಳು ಮಾಡುತ್ತಿದ್ದಳು. ನೀರಿನ ಲೋಟ ಏಳನೆಯ ಮೆಟ್ಟಿಲಿಗೆ. "ಅಲ್ಲಾಡಿಸಬೇಡ, ಉಸಿರು ಬಿಡು ಸಾಕು, ತಾನೇ ಅಲ್ಲಾಡುತ್ತೆ." ಬಾಚಣಿಗೆ ಮೋಡ ಕವಿದಾಗ. "ಈ ಬಾಚಣಿಗೆ ಅಲ್ಲ, ನನ್ನದು. ಹಲ್ಲು ಮುರಿದಿದ್ದು. ಕದ್ದು ತಗೊಂಡು ಹೋಗ್ತಿದ್ದ ಕಳ್ಳ." ಗುಂಡಿ ಹಾಕಬೇಕಾದ ಅಂಗಿ ಮೊದಲ ವಾರದಿಂದಲೂ ಅವರ ಮಡಿಲಲ್ಲಿ ಹಾಗೇ ಇತ್ತು.

ಮಗನ ಸಿನಿಮಾ ತಲೆಬುಡವಿಲ್ಲದ್ದು ಎಂದು ಮೂರು ವರ್ಷ ಗೊಣಗಿದ ಹೆಂಗಸಿಗೆ ಅದು ಬಾಯಿಪಾಠ ಬರುತ್ತಿತ್ತು. ಆಶ್ಚರ್ಯಪಡುವಷ್ಟು ಶಕ್ತಿ ಸೊಸೆಗಿರಲಿಲ್ಲ. ಹೇಳಿದ್ದನ್ನು ಎಣಿಕೆಗೆ ಹಾಕಿಕೊಂಡು ನೆನಪಿಟ್ಟುಕೊಂಡಳು. ಇಪ್ಪತ್ತೆರಡನೆಯ ನಿಮಿಷದವರೆಗೆ ಸಿನಿಮಾ ಕೂಡಿಬಂತು.

ಅಲ್ಲಿ ಎಡ ಸುರುಳಿ ಮುಗಿಯುತ್ತಿತ್ತು. ಬಲದ್ದು ಇನ್ನೂ ನಾಲ್ಕು ನಿಮಿಷ ಓಡುತ್ತಿತ್ತು. ಅದರಲ್ಲಿ ಬಿಸಿಲಿಲ್ಲ, ಗೋಡೆಯಿಲ್ಲ. ಗೀರೂ ಇಲ್ಲದ ಬಿಳಿ ಬೆಳಕು.

"ಇಲ್ಲಿ ಏನು ಮಾಡ್ತಿದ್ದ ಅತ್ತೆ?"

ಅತ್ತೆ ಮಡಿಲಿನ ಅಂಗಿಯನ್ನು ಮಡಿಸತೊಡಗಿದರು.

"ಅತ್ತೆ?"

"ನನಗೆ ಗೊತ್ತಿಲ್ಲ," ಎಂದರು. ದನಿ ಸಣ್ಣದಾಗಿತ್ತು. "ಎರಡು ಓಡುವಾಗ ಗಲಾಟೆ ಇರುತ್ತೆ. ಒಂದು ನಿಂತ ಕೂಡಲೇ ತೊಟ್ಟಿಲು ತೂಗಿದ ಹಾಗಾಗುತ್ತೆ ಕಣೆ. ಊಟ ಬೇರೆ ಆಗಿರುತ್ತೆ. ಎಂಟು ಸಲನೂ ನಿದ್ದೆ ಹೋಗಿದೀನಿ. ನೀನಿದ್ದೆಯಲ್ಲ?"

ಅವಳಿರಲಿಲ್ಲ. ಅವಳ ಸುರುಳಿ ಮುಗಿದ ಕೂಡಲೇ ಅವನು ಮೊಣಕೈಯಿಂದ ತಿವಿದು "ಹೋಗು, ಟೀಗೆ ನೀರಿಡು" ಎನ್ನುತ್ತಿದ್ದ. ಅವಳು ಅಡುಗೆಮನೆಗೆ ಹೋಗುತ್ತಿದ್ದಳು. ನೀರು ಕುದಿಯುವ ಹೊತ್ತಿಗೆ ಸಿನಿಮಾ ಮುಗಿದಿರುತ್ತಿತ್ತು.

ಭಂಡಾರದವಳಿಗೆ ಫೋನು ಮಾಡಿದಳು. "ಆ ಭಾಗ ಹಾಳಾಗಿರೋದೇ ಇರಬೇಕು ಮೇಡಂ. ಸುಮ್ಮನೆ ಬಿಳಿ ಓಡಿಸಿಬಿಡಿ. ಆದ್ರೆ ಚೀಟಿ ಮೇಲೆ ಅದನ್ನ ಬರೀಲೇಬೇಕಾಗುತ್ತೆ," ಎಂದಳು ಆಕೆ.

"ಮತ್ತೆ ಆ ಪದ?"

"ಅದೂ."

*

ಪ್ರದರ್ಶನಕ್ಕೆ ಎರಡು ದಿನ ಮೊದಲು ಅವಳು ಸಾಮಾನು ಕಟ್ಟತೊಡಗಿದಳು. ಬಲಗಡೆಯ ಪ್ರೊಜೆಕ್ಟರನ್ನು ಎತ್ತಿ ಕೆಳಗಿಟ್ಟು, ಒದ್ದೆ ಬಟ್ಟೆಯಿಂದ ಮೇಜು ಒರೆಸಿದಳು. ಒಂದು ಕಪ್ಪು ಗೆರೆ ಹೋಗಲಿಲ್ಲ. ಸೋಪು ಹಾಕಿ ಉಜ್ಜಿದಳು. ಆಗಲೂ ಹೋಗಲಿಲ್ಲ. ಬಗ್ಗಿ ನೋಡಿದಳು.

ಪ್ರೊಜೆಕ್ಟರಿನ ಮುಂದಿನ ರಬ್ಬರ್ ಕಾಲು ಮೇಜಿನ ಮೇಲೆ ಎಳೆದ ಗೆರೆ ಅದು. ನೇರವಾಗಿರಲಿಲ್ಲ, ಕೈವಾರದಲ್ಲಿ ಎಳೆದ ಹಾಗೆ ಬಾಗಿತ್ತು. ಪರದೆಯ ಕಡೆಯಿಂದ ಹೊರಟು ಬಲಕ್ಕೆ ಸರಿದು ಒಂದು ಕಡೆ ದಟ್ಟ ಚುಕ್ಕೆಯಾಗಿ ನಿಂತಿತ್ತು. ಮತ್ತೆ ಮುಂದಕ್ಕೆ ಹೋಗಿ ಇನ್ನೊಂದು ಚುಕ್ಕೆ. ಅಲ್ಲಿಗೆ ಮುಗಿದಿತ್ತು.

ಅವಳು ಪ್ರೊಜೆಕ್ಟರನ್ನು ಮತ್ತೆ ಮೇಜಿನ ಮೇಲಿಟ್ಟು ಮೊದಲ ಚುಕ್ಕೆಗೆ ತಿರುಗಿಸಿ ದೀಪ ಹಾಕಿದಳು. ಬೆಳಕು ಹೋಗಿ ಅತ್ತೆಯ ಮೇಲೆ ಬಿತ್ತು. ಕುರ್ಚಿಯ ಎರಡು ಕೈಗಳ ನಡುವೆ, ಅಳತೆ ತೆಗೆದ ಹಾಗೆ.

"ಏಯ್! ಕಣ್ಣು ಕುಕ್ಕುತ್ತೆ! ಏನೇ ಅದು?"

"ಅತ್ತೆ, ಆ ನಾಲ್ಕು ನಿಮಿಷ ಹಾಳಾಗಿಲ್ಲ. ನೀವು ನಿದ್ದೆ ಹೋದಮೇಲೆ ಬೆಳಕನ್ನ ನಿಮ್ಮ ಕಡೆ ತಿರುಗಿಸ್ತಿದ್ದ."

ಅತ್ತೆ ಮುಖಕ್ಕೆ ಅಡ್ಡ ಹಿಡಿದಿದ್ದ ಕೈಯನ್ನು ನಿಧಾನವಾಗಿ ಇಳಿಸಿದರು. ಬೆಳಕಿನಲ್ಲಿ ಅವರ ಕೆನ್ನೆಯ ಒಂದೊಂದು ಸುಕ್ಕೂ ಕಾಣುತ್ತಿತ್ತು.

"ಬಾಯಿ ತಕ್ಕೊಂಡು ಮಲಗಿರ್ತೀನಿ ನಾನು," ಎಂದರು. "ಜೊಲ್ಲೂ ಸುರಿಯುತ್ತೆ. ಅದನ್ನ ನೋಡ್ತಿದ್ನಾ?"

"ಹೂಂ."

"ಕತ್ತೆ," ಎಂದು ಸೆರಗಿನಿಂದ ಬಾಯಿ ಒರೆಸಿಕೊಂಡರು. "ಎಬ್ಬಿಸಿದ್ರೆ ತಲೆ ಬಾಚಿಕೊಳ್ತಿದ್ದೆ."

ಎರಡನೆಯ ಚುಕ್ಕೆಯ ವಿಷಯ ಅವಳು ಹೇಳಲಿಲ್ಲ. ಅತ್ತೆ ಸ್ನಾನಕ್ಕೆ ಹೋದ ಮೇಲೆ ಅಲ್ಲಿಗೆ ತಿರುಗಿಸಿದಳು. ಬೆಳಕು ಅಡುಗೆಮನೆಯ ಬಾಗಿಲನ್ನು ಹಾದು ಒಳಗೆ ಹೋಯಿತು. ಅವಳೂ ಹಿಂದೆಯೇ ಹೋಗಿ ಒಲೆಯ ಮುಂದೆ ಪ್ರತಿದಿನ ನಿಲ್ಲುವಲ್ಲಿ ನಿಂತಳು. ಎದುರಿನ ಗೋಡೆಯ ಮೇಲೆ, ಸೌಟುಗಳ ನಡುವೆ, ಅವಳ ತಲೆಯ ನೆರಳು. ಅದರ ಸುತ್ತ ಬಿಳಿ ಬೆಳಕು.

ಇದನ್ನು ಅವಳು ನೋಡಿದ್ದಳು. ಎಂಟು ಸಲ. ಸಿನಿಮಾ ಮುಗಿಸಿ ಕಿಟಕಿಯ ಕಂಬಳಿ ತೆಗೆದನೇನೋ, ಬೆಳಕು ಬಂತು ಎಂದುಕೊಂಡು ಟೀ ಪುಡಿ ಹಾಕಿದ್ದಳು. ಒಂದು ಸಲವೂ ತಿರುಗಿ ನೋಡಿರಲಿಲ್ಲ.

ಒಲೆಯ ಮೇಲೆ ಏನೂ ಇರಲಿಲ್ಲ. ಸ್ವಲ್ಪ ಹೊತ್ತು ನಿಂತಿದ್ದು, ಹೋಗಿ ದೀಪ ಆರಿಸಿದಳು. ದೀಪ ಸುಟ್ಟುಹೋದರೆ ಅಂಥದು ಈಗ ಸಿಗುವುದಿಲ್ಲ.

*

ಭಂಡಾರದ ಚಿಕ್ಕ ಹಾಲಿನಲ್ಲಿ ಮೆತ್ತನೆಯ ಆಸನಗಳಿದ್ದವು. ಅತ್ತೆ ಒಂದರಲ್ಲಿ ಕೂತು ಎದ್ದು, "ಇದರಲ್ಲಿ ನಿದ್ದೆ ಬರಲ್ಲ" ಎಂದರು. ಬೀಗದವನು ಅದನ್ನು ಮೊದಲೇ ಊಹಿಸಿದ್ದ. ಮನೆಯ ಕುರ್ಚಿಯನ್ನು ವ್ಯಾನಿನಲ್ಲಿ ಹಾಕಿಕೊಂಡು ಬಂದಿದ್ದ. ಅದನ್ನು ಮುಂದೆ ಬಲಗಡೆಗೆ ಹಾಕಿದರು. ಅತ್ತೆ ಎಣ್ಣೆ ಹಚ್ಚಿ ತಲೆ ಬಾಚಿಕೊಂಡಿದ್ದರು.

"ಆದ್ರೂ ನಾನೇನು ಎಲ್ಲರೆದುರು ಮಲಗಲ್ಲ. ಕಣ್ಣು ಮುಚ್ಚಿಕೊಂಡು ಕೂತಿರ್ತೀನಿ ಅಷ್ಟೆ."

"ಹಾಗೇ ಮಾಡಿ ಅತ್ತೆ."

ಹನ್ನೊಂದು ಜನ ಬಂದಿದ್ದರು. ಹಿಂದಿನ ಸಾಲಿನಲ್ಲಿ ಭಂಡಾರದ ಕ್ಯಾಮೆರಾದವರೊಬ್ಬರು, ನಿವೃತ್ತಿಯ ಅಂಚಿನಲ್ಲಿದ್ದವರು, ಮೂರು ಕಾಲಿನ ಮೇಲೆ ಕ್ಯಾಮೆರಾ ಬಿಗಿದು ಪರದೆಯ ನಾಲ್ಕು ಮೂಲೆಗೂ ಅಳತೆ ನೋಡುತ್ತಿದ್ದರು.

ಸೊಸೆ ಎಡಗಾಲು ತಟ್ಟಿದಳು. ಎರಡೂ ಯಂತ್ರಗಳು ಓಡಿದವು. ಗಡಿಯಾರದ ಮೊಳೆ. ಬೆರಳುಗಳು. ಏಳನೆಯ ಮೆಟ್ಟಿಲು, ನೀರಿನ ಲೋಟ. ಉಸಿರು ಬಿಟ್ಟಳು, ಪರದೆಯ ಮೇಲೆ ಮೆಟ್ಟಿಲು ಅಲುಗಿತು. ಮೋಡ, ಮುರಿದ ಬಾಚಣಿಗೆ. ತೋಳು ನೋಯುತ್ತಿತ್ತು. ಎಣಿಕೆ ಒಂದು ಕಡೆ ತಪ್ಪಿತು. ಮುಂದಿನ ಮೆಟ್ಟಿಲಿನಲ್ಲಿ ಸರಿಮಾಡಿಕೊಂಡಳು. ತಲೆಯೆತ್ತಿದಾಗ ಬಿಸಿಲು ನಿಜವಾಗಿಯೂ ಮೆಟ್ಟಿಲು ಹತ್ತುತ್ತಿತ್ತು. ಅವಸರವಿಲ್ಲದೆ, ತರಕಾರಿ ಚೀಲ ಹಿಡಿದು ಬರುವವರ ಹಾಗೆ.

ಎಡ ಸುರುಳಿ ಮುಗಿಯಿತು. ಬೀಗದವನು ಅದನ್ನು ಆರಿಸಿ, ತನ್ನ ಕೆಲಸ ಆಯಿತೆಂದು ಪಕ್ಕಕ್ಕೆ ಸರಿದ. ಸದ್ದು ಅರ್ಧಕ್ಕಿಳಿಯಿತು. ಅವಳು ಮನಸ್ಸಿನಲ್ಲೇ ಹತ್ತು ಎಣಿಸಿ, ಎರಡೂ ಕೈಯಿಂದ ಪ್ರೊಜೆಕ್ಟರನ್ನು ಹಿಡಿದು ನಿಧಾನವಾಗಿ ಬಲಕ್ಕೆ ತಿರುಗಿಸಿದಳು.

ಅತ್ತೆಯ ತಲೆ ಭುಜಕ್ಕೆ ವಾಲಿತ್ತು. ಬಾಯಿ ತೆರೆದಿತ್ತು. ಹನ್ನೊಂದು ಜನರೂ ಆ ಕಡೆ ತಿರುಗಿದರು. ಎದೆ ಏರಿ ಇಳಿಯುವುದು ಕಾಣುತ್ತಿತ್ತು. ಎಣ್ಣೆ ಹಚ್ಚಿದ ಬಿಳಿ ಕೂದಲು ಹೊಳೆಯುತ್ತಿತ್ತು. ಅವಳು ಮೂರು ನಿಮಿಷ ಹಾಗೇ ಹಿಡಿದು ನಿಂತಳು. ಅವನು ಎಷ್ಟು ಹೊತ್ತು ಹಿಡಿಯುತ್ತಿದ್ದನೋ ಗೊತ್ತಿರಲಿಲ್ಲ.

ಆಮೇಲೆ ಎರಡನೆಯ ಚುಕ್ಕೆ. ಇಲ್ಲಿ ಅಡುಗೆಮನೆ ಇರಲಿಲ್ಲ. ಹೊರಗೆ ಹೋಗುವ ಬಾಗಿಲಿತ್ತು. ಬೀಡಿ ಸೇದಿ ಬರೋಣವೆಂದು ಬೀಗದವನು ಸದ್ದಿಲ್ಲದೆ ಅಲ್ಲಿಗೆ ಹೋಗಿ ಬಾಗಿಲಿಗೆ ಕೈ ಹಾಕಿದ್ದ. ಬೆಳಕು ಅವನ ಬೆನ್ನಿಗೆ ಬಿತ್ತು. ಅವನ ನೆರಳು ಬಾಗಿಲಿನ ಮೇಲೆ ಎದ್ದಿತು.

ಅವನು ತಿರುಗಿ ನೋಡಿದ. ಕೈಯನ್ನು ಹುಬ್ಬಿಗೆ ಹಿಡಿದು, ಹಲ್ಲು ಕಿರಿದು, "ಮುಗೀತಾ ಅಕ್ಕ?" ಎಂದ.

ಜನ ನಕ್ಕರು. ಅಷ್ಟರಲ್ಲಿ ಸುರುಳಿ ಮುಗಿದು ಫಿಲ್ಮಿನ ಬಾಲ ಪಟಪಟ ಹೊಡೆದುಕೊಂಡಿತು.

*

ಎಲ್ಲರೂ ಹೋದ ಮೇಲೆ ಭಂಡಾರದವಳು ಸಪ್ಪೆ ಮುಖ ಮಾಡಿಕೊಂಡು ಬಂದಳು. ಕ್ಯಾಮೆರಾದವರು ಹಿಂದೆ ನಿಂತಿದ್ದರು.

"ಮೇಡಂ, ಒಂದು ಎಡವಟ್ಟಾಗಿದೆ. ಕ್ಯಾಮೆರಾ ಪರದೆ ಬಿಟ್ಟು ಅಲ್ಲಾಡಬಾರದು ಅಂತ ನಾನೇ ಹೇಳಿದ್ದೆ. ನೀವು ಬೆಳಕು ತಿರುಗಿಸ್ತೀರಿ ಅಂತ ಗೊತ್ತಿರಲಿಲ್ಲ, ಇವರು ಹಾಗೇ ಇಟ್ಟುಬಿಟ್ಟಿದಾರೆ."

"ಮೂವತ್ತು ವರ್ಷದಿಂದ ಪರದೆಗೇ ಇಟ್ಟು ಅಭ್ಯಾಸ," ಎಂದರು ಅವರು ತಲೆ ತಗ್ಗಿಸಿ. "ನಾನು ಆ ಕಡೆ ನೋಡ್ತಾ ನಿಂತುಬಿಟ್ಟೆ. ಕ್ಯಾಮೆರಾ ತಿರುಗಿಸಬೇಕು ಅಂತ ಹೊಳೀಲೇ ಇಲ್ಲ. ಕೊನೆ ನಾಲ್ಕು ನಿಮಿಷ ಬರೀ ಕತ್ತಲೆ ಬಂದಿದೆ."

"ಇನ್ನೊಂದು ಸಲ ಮಾಡೋಣ," ಎಂದಳು ಭಂಡಾರದವಳು. "ಈಗಲೇ ಬೇಕಾದ್ರೆ."

"ಈಗಲೇ ಹೇಗೆ? ನಿದ್ದೆ ಆಗಿದೆಯಲ್ಲ ನನಗೆ," ಎಂದರು ಅತ್ತೆ. ತಕ್ಷಣ ನಾಲಿಗೆ ಕಚ್ಚಿಕೊಂಡರು. "ಅಂದ್ರೆ, ನಾನು ಮಲಗಿರಲಿಲ್ಲ."

ಸೊಸೆ ಆಸನದಲ್ಲಿ ಕೂತಳು. ತೋಳುಗಳು ತನ್ನವಲ್ಲವೇನೋ ಅನ್ನುವಷ್ಟು ಭಾರವಾಗಿದ್ದವು. ಇನ್ನೊಂದು ಸಲ ಹಿಡಿದಿಟ್ಟರೂ ಅದು ಇಂಥ ಒಂದು ಮಧ್ಯಾಹ್ನದ ಚಿತ್ರವಾದೀತು, ಅವನ ಸಿನಿಮಾ ಆಗಲಾರದು. ಅವನ ಸಿನಿಮಾ ಇನ್ನೊಬ್ಬರ ಕೈಯಲ್ಲಿ ಓಡಬೇಕು. ಅದಕ್ಕೆ ಒಂದೇ ದಾರಿ ಇತ್ತು. ಅವನು ಮೂಗು ಮುರಿಯುತ್ತಿದ್ದ.

"ಒಂದು ಹಾಳೆ ಕೊಡಿ. ಪೆನ್ನೂ ಕೊಡಿ."

"ಏನು ಬರೀತೀರಿ?"

"ಅಡುಗೆ ಪುಸ್ತಕ."

ಬರೆಯತೊಡಗಿದಳು, ತರಗತಿಯಲ್ಲಿ ಲೆಕ್ಕದ ಹಂತಗಳನ್ನು ಬರೆಯುವ ಹಾಗೆ. ಮೊಳೆ, ಎಡಗೈ, ಎಣಿಕೆ ನಲವತ್ತು. ಲೋಟದಲ್ಲಿ ಮುಕ್ಕಾಲು ನೀರು. ಅತ್ತೆ ಹಿಂದೆ ನಿಂತು ಬಗ್ಗಿ ಓದುತ್ತಿದ್ದರು.

"ಬಾಚಣಿಗೆ ಹಲ್ಲು ಮುರಿದಿರಬೇಕು ಅಂತ ಬರಿ."

"ಬರೆದೆ."

"ಊಟ ಆದಮೇಲೇ ತೋರಿಸಬೇಕು ಅಂತಾನೂ ಬರಿ. ಇಲ್ಲದಿದ್ರೆ ಯಾರಿಗೆ ನಿದ್ದೆ ಬರುತ್ತೆ?"

ಅದನ್ನೂ ಬರೆದಳು. ಇಪ್ಪತ್ತೆರಡನೆಯ ನಿಮಿಷಕ್ಕೆ ಬಂದಾಗ ಭಂಡಾರದವಳು ಚೀಟಿ ತೆಗೆದು ಮೊಣಕಾಲ ಮೇಲಿಟ್ಟುಕೊಂಡು ರಬ್ಬರಿನಿಂದ ಕೊನೆಯ ಎರಡು ಸಾಲನ್ನೂ ಉಜ್ಜಿದಳು. ಪೆನ್ಸಿಲು ಒತ್ತಿ ಬರೆದಿದ್ದರಿಂದ ಅಚ್ಚು ಹಾಗೇ ಉಳಿಯಿತು. ಪರವಾಗಿಲ್ಲ ಎಂದಳು ಸೊಸೆ. ಬಗ್ಗಿ ಮತ್ತೆ ಬರೆದಳು.

ಎಡ ಸುರುಳಿ ಮುಗಿದ ಮೇಲೆ ಬಲ ಪ್ರೊಜೆಕ್ಟರನ್ನು ಪರದೆಯಿಂದ ತಿರುಗಿಸಿ, ನಿದ್ದೆ ಹೋದವರ ಕಡೆ ಹಿಡಿಯುವುದು. ಎಬ್ಬಿಸಬಾರದು. ಆಮೇಲೆ ಬಾಗಿಲಿನ ಕಡೆ. ಅಲ್ಲಿ ಯಾರಾದರೂ ಬೆನ್ನು ಹಾಕಿ ನಿಂತಿದ್ದರೆ ಬೆಳಕು ಬಿಟ್ಟು ಕಾಯುವುದು. ಕರೆಯಬಾರದು. ಅವರಾಗಿ ತಿರುಗಿದರೆ ಸರಿ. ತಿರುಗದಿದ್ದರೆ ಸುರುಳಿ ಮುಗಿಯುವವರೆಗೆ ಹಾಗೇ ಹಿಡಿದಿರುವುದು.